ಮಿಷಿಗನ್–ಟ್ರಂಬುಲ್ ಮೂಲೆಯಲ್ಲಿ ಮಾರ್ಕ್ ಫಿಡ್ರಿಚ್

ಡೆಟ್ರಾಯ್ಟ್‌ನ ನಗರಮಧ್ಯದಿಂದ ಮಿಷಿಗನ್ ಅವೆನ್ಯೂ ಹಿಡಿದು ಪಶ್ಚಿಮಕ್ಕೆ ನಡೆದರೆ ಅರ್ಧ ಗಂಟೆಯೊಳಗೆ ಟ್ರಂಬುಲ್ ರಸ್ತೆಯ ಮೂಲೆ. ಡೆಟ್ರಾಯ್ಟ್‌ನ ಬೇಸ್‌ಬಾಲ್ ತಂಡ ಟೈಗರ್ಸ್ 1912ರಿಂದ 1999ರವರೆಗೆ ಆಡಿದ್ದು ಇಲ್ಲೇ. ಹಳೆಯ ಕ್ರೀಡಾಂಗಣವನ್ನು 2008–09ರಲ್ಲಿ ಕೆಡವಿದರು. ಈಗಿರುವುದು 2018ರಲ್ಲಿ ತೆರೆದ, ಕೃತಕ ಹುಲ್ಲು ಹಾಸಿದ ಮಕ್ಕಳ ಮೈದಾನ. ಒಳಹೊಕ್ಕವರು ಮೊದಲು 125 ಅಡಿಯ ಹಳೆಯ ಧ್ವಜಸ್ತಂಭವನ್ನು ಹುಡುಕಬೇಕು. ಅದಕ್ಕೆ ಬೆನ್ನು ಮಾಡಿ ನಿಂತರೆ ಬ್ಯಾಟರ್ ಆಡುವ ಹೋಮ್ ಪ್ಲೇಟೂ ಅದರಿಂದ 60 ಅಡಿ 6 ಇಂಚು ಈಚೆಗೆ ಚೆಂಡೆಸೆಯುವ ಪಿಚರ್ ನಿಲ್ಲುವ ದಿಬ್ಬದ ಜಾಗವೂ ಕಣ್ಣಿಗೆ ಹೊಂದಿಕೊಳ್ಳುತ್ತವೆ.

1976ರಲ್ಲಿ ‘ಬರ್ಡ್’ ಎಂದೇ ಹೆಸರಾದ ಟೈಗರ್ಸ್ ಪಿಚರ್ ಮಾರ್ಕ್ ಫಿಡ್ರಿಚ್ ಮಂಡಿಯೂರಿ ಕೈಯಿಂದ ಮಣ್ಣು ಸವರುತ್ತಿದ್ದ ದಿಬ್ಬ ಅದು. ಜನ ಅದನ್ನು ಹುಚ್ಚಾಟವೆಂದುಕೊಂಡರು, ಆದರೆ ಅದರಲ್ಲಿ ಕಸುಬಿತ್ತು. ಎದುರಾಳಿ ಪಿಚರ್‌ನ ಶೂ ಮೊಳೆಗಳು ತೋಡಿದ ಗುಳಿಗೆ ಮುಂಗಾಲು ಬಿದ್ದರೆ ಹೆಜ್ಜೆಯ ಅಳತೆ ತಪ್ಪುತ್ತದೆ, ಚೆಂಡು ಮೇಲೇಳುತ್ತದೆ. ಬ್ಯಾಟರ್‌ನ ಮೊಣಕಾಲ ಮಟ್ಟಕ್ಕೆ ಇಳಿಯುವ ಎಸೆತವೇ ಇವನ ಬಂಡವಾಳ. ಚೆಂಡಿನೊಡನೆ ಮಾತಾಡುತ್ತಿದ್ದ, ಹೊಡೆತ ತಿಂದ ಚೆಂಡನ್ನು ಬದಲಿಸಲು ಅಂಪೈರ್‌ಗೆ ಕೊಡುತ್ತಿದ್ದ.

ಜೂನ್ 28ರ ರಾತ್ರಿ 47,855 ಮಂದಿಯ ಎದುರು, ದೇಶವಿಡೀ ಟಿವಿಯಲ್ಲಿ ನೋಡುತ್ತಿದ್ದಾಗ, ನ್ಯೂಯಾರ್ಕ್‌ನ ಯಾಂಕೀಸ್ ತಂಡವನ್ನು 5–1ರಿಂದ ಮಣಿಸಿದ. ಆಟ ಎರಡು ಗಂಟೆಯೂ ಹಿಡಿಯಲಿಲ್ಲ. ಮುಗಿದ ಮೇಲೂ ಜನ ಜಾಗ ಬಿಟ್ಟೇಳದೆ ಕೂಗಿ ಕೂಗಿ ಅವನನ್ನು ಮತ್ತೆ ಹೊರಗೆ ಕರೆಸಿಕೊಂಡರು. ಆ ವರ್ಷ 19 ಗೆಲುವು, 9 ಸೋಲು. ಒಂಬತ್ತು ಇನ್ನಿಂಗ್ಸ್‌ಗೆ ಸರಾಸರಿ ಬಿಟ್ಟುಕೊಟ್ಟದ್ದು 2.34 ರನ್. ದೇಶದ ಎರಡು ದೊಡ್ಡ ಲೀಗ್‌ಗಳಲ್ಲಿ ಒಂದಾದ ಅಮೆರಿಕನ್ ಲೀಗ್‌ನ ವರ್ಷದ ಹೊಸ ಆಟಗಾರನೂ ಅವನೇ. ಆದರೆ ಗಮನಿಸಬೇಕಾದ ಅಂಕಿ ಬೇರೆ: ಆರಂಭಿಸಿದ 29 ಪಂದ್ಯಗಳಲ್ಲಿ 24ನ್ನು ಒಬ್ಬನೇ ಕೊನೆತನಕ ಎಸೆದ. ಆಗಿನ ರೂಢಿ ಹಾಗಿತ್ತು, ನಿಜ. ಆದರೂ 21–22ರ ತೋಳಿಗೆ ಅದು ಹೆಚ್ಚೇ.

ಕಥೆಯ ಇನ್ನರ್ಧಕ್ಕೆ ಫ್ಲಾರಿಡಾದ ಲೇಕ್‌ಲ್ಯಾಂಡ್‌ಗೆ ಹೋಗಬೇಕು. ಟೈಗರ್ಸ್ ಇಂದಿಗೂ ವಸಂತದ ತರಬೇತಿಗೆ ಇಳಿಯುವ ಊರದು, ಮಾರ್ಚ್‌ನಲ್ಲಿ ಹೋದರೆ ಆಟವೂ ಸಿಗುತ್ತದೆ. 1977ರ ತರಬೇತಿಯಲ್ಲಿ ಹಾರಿದ ಚೆಂಡು ಹಿಡಿಯಲು ನೆಗೆದು ಅವನು ಮೊಣಕಾಲಿನ ಮೃದ್ವಸ್ಥಿ ಹರಿದುಕೊಂಡ. ಶಸ್ತ್ರಚಿಕಿತ್ಸೆಯಾಗಿ ಮೇ ಕೊನೆಗೆ ಮರಳಿದ. ಜುಲೈನಲ್ಲಿ ಬಾಲ್ಟಿಮೋರ್ ವಿರುದ್ಧ ಎಸೆಯುತ್ತಿದ್ದಾಗ ತೋಳು ಸತ್ತಂತಾಯಿತು. ಕಾಲು ಪೂರ್ತಿ ಮಾಗದಿದ್ದರೆ ಎಸೆತದ ಕ್ರಮ ಬದಲಾಗಿ ಭಾರ ಭುಜಕ್ಕೆ ಬೀಳುತ್ತದೆ. ಇಲ್ಲೂ ಹಾಗೇ ಆಯಿತೆಂಬುದು ಹಲವರ ನಂಬಿಕೆ. 1980ರ ಅಕ್ಟೋಬರ್‌ಗೆ ದೊಡ್ಡ ಲೀಗ್‌ನ ಆಟ ಮುಗಿಯಿತು, ಒಟ್ಟು 29 ಗೆಲುವು. ಭುಜದ ಕೀಲನ್ನು ಹಿಡಿದಿಡುವ ಸ್ನಾಯುಕಟ್ಟು, ಅಂದರೆ ರೊಟೇಟರ್ ಕಫ್, ಹರಿದಿದೆ ಎಂದು ವೈದ್ಯರು ಕಂಡುಹಿಡಿದದ್ದು 1985ರಲ್ಲಿ.