ಗೆಳತಿಯ ಮಗ್ಗುಲಲ್ಲಿ ಒಂದು ಶಿವರಾತ್ರಿ

ಮಾಘ ಮಾಸದ ಕೃಷ್ಣ ಚತುರ್ದಶಿಯ ರಾತ್ರಿಯನ್ನು ನಾಲ್ಕು ಯಾಮಗಳಾಗಿ ವಿಂಗಡಿಸಿ, ಮೊದಲ ಯಾಮದಲ್ಲಿ ಹಾಲು, ಎರಡನೆಯದರಲ್ಲಿ ಮೊಸರು, ಮೂರನೆಯದರಲ್ಲಿ ತುಪ್ಪ, ನಾಲ್ಕನೆಯದರಲ್ಲಿ ಜೇನುತುಪ್ಪದಿಂದ ಶಿವನಿಗೆ ಅಭಿಷೇಕ ಮಾಡುವ ಕ್ರಮ ಹಲವೆಡೆ ರೂಢಿಯಲ್ಲಿದೆ. ಆ ವರ್ಷ ನಾನು ಇದಾವುದನ್ನೂ ಮಾಡಲಿಲ್ಲ. ಚಿಕಿತ್ಸೆಯಿಂದ ಗುಣವಾಗುವ ಹಂತ ದಾಟಿ, ನೋವು ಶಮನದ ಆರೈಕೆಯಷ್ಟೇ ಉಳಿದಿದ್ದ ಬಾಲ್ಯದ ಗೆಳತಿಯ ಹಾಸಿಗೆಯ ಪಕ್ಕದಲ್ಲಿ ಬೆಳಗಾಗುವವರೆಗೆ ಕುಳಿತಿದ್ದೆ. ಅದು ವ್ರತವೋ ವ್ರತಲೋಪವೋ ಎಂಬ ಪ್ರಶ್ನೆ ಕೆಲಕಾಲ ಕಾಡಿದ್ದುಂಟು. ಶಿವರಾತ್ರಿಯ ಕಥೆಯನ್ನೇ ಮತ್ತೊಮ್ಮೆ ಗಮನವಿಟ್ಟು ಓದಿದ ಮೇಲೆ ಆ ಪ್ರಶ್ನೆ ತಾನಾಗಿ ಬಿದ್ದುಹೋಯಿತು.

ಕಥೆ ಎಲ್ಲರಿಗೂ ಗೊತ್ತಿರುವುದೇ. ಹಸಿದ ಮನೆಮಂದಿಗಾಗಿ ಬೇಟೆ ಅರಸಿ ಹೊರಟ ಬೇಡನೊಬ್ಬ ನೀರಿನ ದಂಡೆಯ ಬಿಲ್ವದ ಮರವೇರಿ ಕುಳಿತ. ಬಿಲ್ಲಿಗೆ ಬಾಣ ಹೂಡಿದಾಗಲೆಲ್ಲ ಬಳಿಯಿದ್ದ ನೀರು ತುಳುಕಿ, ಎಲೆಗಳು ಉದುರಿ, ಮರದಡಿಯ ಲಿಂಗದ ಮೇಲೆ ಬಿದ್ದು, ಅವನಿಗೆ ಅರಿವಿಲ್ಲದೆಯೇ ಯಾಮಯಾಮದ ಪೂಜೆ ನಡೆದುಹೋಯಿತು. ಅರಿಯದೆ ಮಾಡಿದ ಪೂಜೆಗೂ ಫಲವುಂಟು ಎಂದು ನಾವು ಸಾಮಾನ್ಯವಾಗಿ ಇಲ್ಲಿಗೇ ಮಂಗಳ ಹಾಡಿಬಿಡುತ್ತೇವೆ. ನನ್ನನ್ನು ತಡೆದು ನಿಲ್ಲಿಸಿದ್ದು ಜಿಂಕೆ. ಬಾಣದ ಮೊನೆಗೆ ಸಿಕ್ಕ ಆ ಹೆಣ್ಣು ಜಿಂಕೆ ಜೀವದಾನವನ್ನು ಬೇಡಲಿಲ್ಲ. ಮರಿಗಳನ್ನು ತಂಗಿಗೋ ಗಂಡನಿಗೋ ಒಪ್ಪಿಸಿ ಮರಳಿ ಬರುವಷ್ಟು ಹೊತ್ತನ್ನು ಮಾತ್ರ ಬೇಡಿತು. ಅದರ ಹಿಂದೆ ಬಂದ ತಂಗಿಯೂ, ಆಮೇಲೆ ಬಂದ ಗಂಡು ಜಿಂಕೆಯೂ ಅದನ್ನೇ ಕೇಳಿದವು. ಬೇಡ ಒಪ್ಪಿದ, ಅವು ಮಾತಿಗೆ ತಪ್ಪದೆ ಮರಳಿ ಬಂದವು.

ಅವಳನ್ನು ಉಳಿಸಿಕೊಡೆಂದು ನಾನು ಹರಕೆ ಹೊತ್ತ ದಿನಗಳಿದ್ದವು. ಪ್ರೀತಿಸುವವರು ಅಷ್ಟನ್ನೂ ಕೇಳದಿದ್ದರೆ ಇನ್ನೇನು ಕೇಳಿಯಾರು? ಆದರೆ ಅವಳು ಅಷ್ಟರಲ್ಲಾಗಲೇ ಜಿಂಕೆಯಂತೆ ಹೊತ್ತನ್ನಷ್ಟೇ ಕೇಳುತ್ತಿದ್ದಳು. ಬ್ಯಾಂಕಿನ ಖಾತೆಗೆ ನಾಮಿನಿಯ ಹೆಸರು ಸೇರಿಸಬೇಕಿತ್ತು, ಮಾತು ಬಿಟ್ಟಿದ್ದ ತಮ್ಮನಿಗೆ ಫೋನು ಮಾಡಬೇಕಿತ್ತು, ಮೊಬೈಲಿನಲ್ಲಿದ್ದ ಕೆಲವು ಫೋಟೋಗಳನ್ನು, ಅವಳದೇ ಮಾತಿನಲ್ಲಿ, "ಮನೆ ಮರ್ಯಾದೆ ಉಳಿಯೋದಕ್ಕೆ" ಅಳಿಸಬೇಕಿತ್ತು. ನೋಡಲು ಬಂದವರಲ್ಲಿ ಹೆಚ್ಚಿನವರು "ಬಿಡ್ತು ಅನ್ನು, ನಿನಗೇನೂ ಆಗಲ್ಲ" ಎಂದು ಅವಳ ಬಾಯಿ ಮುಚ್ಚಿಸುತ್ತಿದ್ದರು. ಅವರ ಉದ್ದೇಶ ಒಳ್ಳೆಯದೇ ಇದ್ದೀತು. ಆದರೆ ಹಾಗೆ ಹೇಳಿದ ಪ್ರತಿಸಲವೂ ಅವಳು ಹೇಳಬೇಕೆಂದಿದ್ದ ಒಂದು ಮಾತು ಒಳಗೇ ಉಳಿಯುತ್ತಿತ್ತು. ಬೇಡನಿಗೆ ಇದ್ದಷ್ಟು ಸೌಜನ್ಯವೂ ನಮಗಿಲ್ಲವಲ್ಲ ಎಂದು ನನಗೆ ಸಿಟ್ಟು ಬರುತ್ತಿತ್ತು.

ಆ ರಾತ್ರಿ ಅವಳಿಗೆ ಮಾರ್ಫಿನ್ ದ್ರಾವಣವನ್ನು ನಾಲ್ಕು ಗಂಟೆಗೊಮ್ಮೆ ಕೊಡಬೇಕಿತ್ತು. ಕ್ಯಾನ್ಸರಿನ ನೋವಿಗೆ ಔಷಧವನ್ನು ನೋವು ಏರಿದ ಮೇಲೆ ಕೊಡುವುದಲ್ಲ, ಗಡಿಯಾರ ನೋಡಿ ಹೊತ್ತುಹೊತ್ತಿಗೆ ಕೊಡಬೇಕು ಎಂದು ವಿಶ್ವ ಆರೋಗ್ಯ ಸಂಸ್ಥೆ 1986ರಲ್ಲೇ ಹೇಳಿದೆ. ನಾನು ಅಳತೆಯ ಮುಚ್ಚಳವನ್ನು ದೀಪದ ಬೆಳಕಿಗೆ ಹಿಡಿದು, ಗೆರೆಗೆ ಸರಿಯಾಗಿ ಬಂತೇ ಎಂದು ಕಣ್ಣು ಕಿರಿದು ಮಾಡಿ ನೋಡುತ್ತಿದ್ದಾಗ ಅವಳು ಹೇಳಿದಳು: "ಶಿವನಿಗೆ ಮೂರು ಗಂಟೆಗೊಂದು ಅಭಿಷೇಕ, ನನಗೆ ನಾಲ್ಕು ಗಂಟೆಗೊಂದು. ನೋಡು, ಅವನಿಗಿಂತ ನನಗೇ ತಾಳ್ಮೆ ಜಾಸ್ತಿ." ನಾನು ನಕ್ಕೆ, ನಗು ಅರ್ಧದಲ್ಲೇ ಅಳುವಾಯಿತು, ಎದ್ದು ಹೊರಗೆ ಹೊರಟೆ. "ಅಳೋದಿದ್ದರೆ ಇಲ್ಲೇ ಅಳೇ, ಆಚೆ ಹೋಗಿ ಅತ್ತರೆ ನನಗೇನು ಗೊತ್ತಾಗುತ್ತೆ ನೀನೆಷ್ಟು ಅತ್ತೆ ಅಂತ?" ಎಂದು ಗದರಿದಳು. ಹಾಗಾಗಿ ಅಲ್ಲೇ ಕುಳಿತು ಅತ್ತೆ, ಅವಳೂ ಅತ್ತಳು. ತಮಾಷೆಯನ್ನು ಎಂದೂ ನಾನಾಗಿ ಆರಂಭಿಸುತ್ತಿರಲಿಲ್ಲ ಎಂಬುದನ್ನು ಇಲ್ಲಿ ಹೇಳಬೇಕು. ಅವಳು ಎಳೆ ಕೊಟ್ಟರೆ ಹಿಡಿಯುತ್ತಿದ್ದೆ, ಸುಮ್ಮನಿದ್ದರೆ ನಾನೂ ಸುಮ್ಮನಿರುತ್ತಿದ್ದೆ. ಸಾವಿನ ಬಗ್ಗೆ ನಗುವ ಅಧಿಕಾರ ಮೊದಲು ಸಾಯುವವರದ್ದು.

ಶಿವಪುರಾಣ ಆ ಬೇಡನಿಗೆ ಕೊಡಿಸುವ ಫಲವನ್ನೂ ಯೋಚಿಸಬೇಕು. ಶಿವ ಪ್ರತ್ಯಕ್ಷನಾಗಿ ಅವನಿಗೆ ಗುಹನೆಂಬ ಹೆಸರು ಕೊಟ್ಟು, ಶೃಂಗವೇರಪುರದಲ್ಲಿ ನೆಲೆಸು, ಮುಂದೆ ನಿನಗೆ ರಾಮನ ಸ್ನೇಹ ದೊರೆಯುತ್ತದೆ ಎಂದು ಹರಸುತ್ತಾನೆ. ರಾತ್ರಿಯಿಡೀ ಎಚ್ಚರವಿದ್ದವನಿಗೆ ದಕ್ಕಿದ್ದು ಒಬ್ಬ ಗೆಳೆಯ! ವಾಲ್ಮೀಕಿ ರಾಮಾಯಣದಲ್ಲಿ ಆ ಗೆಳೆಯ ಗಂಗೆಯ ದಡಕ್ಕೆ ಬಂದ ರಾತ್ರಿಯೂ ಗುಹನಿಗೆ ಜಾಗರಣೆಯೇ; ರಾಮ ಹುಲ್ಲಿನ ಮೇಲೆ ಮಲಗಿರಲು ಅವನು ಲಕ್ಷ್ಮಣನೊಡನೆ ಮಾತನಾಡುತ್ತ ಎಚ್ಚರವಾಗಿ ಕಾಯುತ್ತಾನೆ. ಅದಕ್ಕೂ ಮುನ್ನ ಅವನು ಬಗೆಬಗೆಯ ಅಡುಗೆ, ಹಾಸಿಗೆ, ತನ್ನ ರಾಜ್ಯವನ್ನೇ ರಾಮನ ಮುಂದಿಟ್ಟಿದ್ದ. ರಾಮ ಅವನನ್ನು ಅಪ್ಪಿಕೊಂಡು, ಕುದುರೆಗಳಿಗೆ ಮೇವು ಕೊಟ್ಟರೆ ಸಾಕು ಎಂದಾಗ ಗುಹ ಒತ್ತಾಯ ಮಾಡದೆ ಮೇವನ್ನೂ ನೀರನ್ನೂ ಕೊಡಿಸಿದ. ರಾಮ ಅಂದು ಲಕ್ಷ್ಮಣ ತಂದ ನೀರನ್ನಷ್ಟೇ ಕುಡಿದು ಮಲಗಿದ.

ಈ ಒತ್ತಾಯ ಮಾಡದಿರುವ ವಿದ್ಯೆ ನಮಗೆ ಬಲು ಕಷ್ಟ. ದೇಹ ಮುಗಿಯುತ್ತ ಬಂದಾಗ ಹಸಿವು ತಾನಾಗಿ ಹಿಂಗುತ್ತದೆ; ಆಗ ಬಲವಂತವಾಗಿ ತಿನ್ನಿಸಿದರೆ ವಾಂತಿಯಾಗುವುದುಂಟು, ತುತ್ತು ಶ್ವಾಸನಾಳಕ್ಕೆ ಸೇರುವ ಅಪಾಯವೂ ಇದೆ. ಆದರೂ ಮನೆಯವರ ಕೈ ಚಮಚದ ಕಡೆಗೇ ಹೋಗುತ್ತದೆ, ಏಕೆಂದರೆ ಉಣಿಸುವುದನ್ನು ಬಿಟ್ಟರೆ ಪ್ರೀತಿ ತೋರಿಸಲು ಬೇರೆ ದಾರಿಯೇ ಕಾಣುವುದಿಲ್ಲ. ಅವಳಿಗೆ ಬೇಕಿದ್ದದ್ದು ಒಣಗಿ ಬಿರಿದ ತುಟಿಗೆ ಒಂದಿಷ್ಟು ತೇವ. ಹತ್ತಿಯನ್ನು ನೀರಿನಲ್ಲಿ ಅದ್ದಿ, ಹಿಂಡಿ, ತುಟಿಯ ಅಂಚಿನಿಂದ ಅಂಚಿಗೆ ಮೆಲ್ಲಗೆ ಒತ್ತುತ್ತಿದ್ದೆ. ಒಮ್ಮೆ ಹಿಂಡಿದ್ದು ಸಾಲದೆ ಗಲ್ಲದ ಮೇಲೆ ನೀರಿಳಿಯಿತು. "ಸಾಕು ಕಣೇ, ಮುಂದಿನ ಯಾಮಕ್ಕೂ ಸ್ವಲ್ಪ ಇಟ್ಟಿರು" ಎಂದಳು.

ಮರುದಿನ ಬೆಳಿಗ್ಗೆ ಗುಹ ದೋಣಿ ತರಿಸಿದ, ರಾಮ ದಾಟಿಹೋದ, ಗುಹ ಈ ದಡದಲ್ಲಿ ಉಳಿದ. ರಾಮಾಯಣದಲ್ಲಿ ಅದು ಬೇಗ ಮುಗಿದುಹೋಗುವ ಪ್ರಸಂಗ. ನಮ್ಮಲ್ಲಿಯೂ ಹೆಚ್ಚು ದಿನ ಹಿಡಿಯಲಿಲ್ಲ. ಕೊನೆಗೆ ಅವಳಿಗೆ ಮಾತು ನಿಂತಾಗ, ಕಿವಿ ಇನ್ನೂ ಕೇಳಿಸುತ್ತಿರಬಹುದು, ಮಾತಾಡುತ್ತಿರಿ ಎಂದು ಶುಶ್ರೂಷಕಿ ಹೇಳಿದರು. ನಾನು ಪಂಚಾಕ್ಷರಿಯನ್ನೂ ಜಪಿಸಿದೆ, ಶಾಲೆಯ ಹಳೆಯ ಚಾಡಿಗಳನ್ನೂ ಹೇಳಿದೆ. ಅವಳಿಗೆ ಎರಡನೆಯದೇ ಹೆಚ್ಚು ಹಿಡಿಸಿರಬೇಕು.

ಶಿವರಾತ್ರಿಯ ನಸುಕಿನಲ್ಲಿ ಅವಳು ನನ್ನಿಂದ ಒಂದು ಮಾತು ತೆಗೆದುಕೊಂಡಿದ್ದಳು: "ನಾನು ಹೋದ ಮೇಲೆ ಎಲ್ಲರೆದುರು ನನ್ನನ್ನು ದೇವತೆ ಮಾಡಬೇಡ. ಯಾರೂ ನಂಬಲ್ಲ." ಜಿಂಕೆಗಳೇ ಕೊಟ್ಟ ಮಾತು ಉಳಿಸಿಕೊಂಡಿರುವಾಗ ನಾನು ತಪ್ಪುವುದು ಹೇಗೆ? ಶ್ರದ್ಧಾಂಜಲಿಯ ದಿನ ಒಬ್ಬೊಬ್ಬರೂ ಅವಳ ಸಹನೆಯನ್ನು, ಸೌಮ್ಯ ಸ್ವಭಾವವನ್ನು ಹೊಗಳಿ ಕುಳಿತ ಮೇಲೆ ನಾನು ಎದ್ದುನಿಂತು, ಕೇರಂ ಆಟದಲ್ಲಿ ಅವಳಷ್ಟು ಮೋಸ ಮಾಡುವವರನ್ನು ನಾನು ಬೇರೆಲ್ಲೂ ಕಂಡಿಲ್ಲ ಎಂದೆ. ಮಾತು ಬಿಟ್ಟಿದ್ದ ಆ ತಮ್ಮ ಎಲ್ಲರಿಗಿಂತ ಮೊದಲು ನಕ್ಕ, ಕೆಂಪು ಕಾಯನ್ನು ಅವಳು ಸೆರಗಿನಲ್ಲಿ ಅಡಗಿಸಿಡುತ್ತಿದ್ದಳೆಂದು ಸಾಕ್ಷಿಯನ್ನೂ ಹೇಳಿದ.