‘ಎಂದರೆ ಸರಿಯಲ್ಲ’

2010ರಲ್ಲಿ ನಮಗೆ ಸಾಕ್ಷ್ಯ ಕಾಯ್ದೆ ಹೇಳುತ್ತಿದ್ದ ಮೇಷ್ಟ್ರು ಒಂದು ದಿನ ಪಾಠ ಬಿಟ್ಟು, ಹಳೆಯ ಕೊಲೆ ಕೇಸೊಂದರ ಪಾಟೀಸವಾಲಿನ ಎರಡು ಹಾಳೆ ಜೆರಾಕ್ಸ್ ಮಾಡಿಸಿ ಹಂಚಿದರು. ಹೆಸರುಗಳ ಮೇಲೆಲ್ಲ ಕಪ್ಪು ಮಸಿ. ‘ಆ ರಾತ್ರಿ ಬೆಳಕಿರಲಿಲ್ಲ ಎಂದರೆ ಸರಿಯಲ್ಲ. ಆರೋಪಿಗೂ ನನಗೂ ಬದುವಿನ ತಕರಾರಿತ್ತು ಎಂದರೆ ಸರಿ. ಅದಕ್ಕಾಗಿ ಸುಳ್ಳು ಸಾಕ್ಷಿ ನುಡಿಯುತ್ತಿದ್ದೇನೆ ಎಂದರೆ ಸರಿಯಲ್ಲ.’ ನಮ್ಮ ಕೋರ್ಟುಗಳಲ್ಲಿ ಪಾಟೀಸವಾಲು ಬೆರಳಚ್ಚಾಗುವುದೇ ಹೀಗೆ. ವಕೀಲರ ಪ್ರಶ್ನೆ ಉತ್ತರದೊಳಗೆ ಕರಗಿಹೋಗಿರುತ್ತದೆ.

“ಇದರಲ್ಲಿ ಇಲ್ಲದ್ದನ್ನ ಬರಕೊಂಡು ಬನ್ನಿ. ಏನು ಕೇಳಿದರು, ಸಾಕ್ಷಿ ಎಲ್ಲಿ ತಡವರಿಸಿದ, ಯಾವಾಗ ನೀರು ಕೇಳಿದ” ಎಂದರು. ನಾನು ಹನ್ನೊಂದು ಪುಟ ಬರೆದೆ. ‘ವಕೀಲ ಅತಿಯಾಗಿ ಮಾತಾಡುತ್ತಾನೆ’ ಎಂಬ ಕೆಂಪು ಶಾಯಿಯ ಷರಾದೊಂದಿಗೆ ವಾಪಸ್ ಬಂತು. ಚಿತ್ರಕಥೆ ಬರೆಯುವುದನ್ನು ನಾನು ಕಲಿತದ್ದು ಅಲ್ಲೇ. ನನ್ನ ಮೊದಲ ಡ್ರಾಫ್ಟುಗಳಿಗೆ ಆ ಷರಾ ಇವತ್ತಿಗೂ ಸಲ್ಲುತ್ತದೆ.

ಆಮೇಲೆ ಮಧ್ಯಾಹ್ನದ ಕ್ಲಾಸಿಗೆ ಚಕ್ಕರ್ ಹಾಕಿ ಮೈಸೂರಿನ ಕೃಷ್ಣರಾಜ ಬುಲೇವಾರ್ಡಿನ ಕೋರ್ಟಿನಲ್ಲಿ ಹಿಂದಿನ ಬೆಂಚಿನ ಮೇಲೆ ಕೂರುವುದು ರೂಢಿಯಾಯಿತು. (ಹಾಜರಿ ಕೊರತೆಗೆ ಕಾರಣ ಈಗ ಹೇಳುತ್ತಿದ್ದೇನೆ.) ಸುತ್ತಿಗೆ ಕುಟ್ಟುವ ಜಡ್ಜ್ ಅಲ್ಲಿ ಕಾಣಲಿಲ್ಲ, ಭಗವದ್ಗೀತೆಯೂ ಕಾಣಲಿಲ್ಲ. ಪ್ರತಿಕೂಲ ಸಾಕ್ಷಿಯಾಗಿ ತಿರುಗಿದ ಹೆಂಗಸೊಬ್ಬಳು ಸರ್ಕಾರಿ ವಕೀಲರ ಪ್ರತಿ ಪ್ರಶ್ನೆಗೂ ಇಲ್ಲ, ಇಲ್ಲ ಅನ್ನುತ್ತಿದ್ದಳು. ಆರೋಪಿಯ ಕಡೆ ಒಮ್ಮೆಯೂ ನೋಡಲಿಲ್ಲ. ಬಾಗಿಲಲ್ಲಿ ನಿಂತಿದ್ದ ತನ್ನ ಮಗನನ್ನೇ ನೋಡುತ್ತಿದ್ದಳು. ಅದು ಯಾವ ಹಾಳೆಯಲ್ಲೂ ಬೆರಳಚ್ಚಾಗಲಿಲ್ಲ.

ಅದೇ ವರ್ಷದ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟು ‘ಸೆಲ್ವಿ ವಿರುದ್ಧ ಕರ್ನಾಟಕ ರಾಜ್ಯ’ ತೀರ್ಪು ಕೊಟ್ಟಿತ್ತು. ಒಪ್ಪಿಗೆಯಿಲ್ಲದೆ ಯಾರ ಮೇಲೂ ನಾರ್ಕೊ (ಇಂಜೆಕ್ಷನ್ ಕೊಟ್ಟು ಮಂಪರಿನಲ್ಲಿ ಬಾಯಿ ಬಿಡಿಸುವ ಪರೀಕ್ಷೆ), ಪಾಲಿಗ್ರಾಫ್ (ಸುಳ್ಳು ಪತ್ತೆ ಪರೀಕ್ಷೆ), ಬ್ರೈನ್ ಮ್ಯಾಪಿಂಗ್ ಮಾಡುವಂತಿಲ್ಲ. ತನ್ನ ವಿರುದ್ಧ ತಾನೇ ಸಾಕ್ಷಿ ಹೇಳುವಂತೆ ಬಲವಂತ ಮಾಡಬಾರದು ಎಂದು ಸಂವಿಧಾನದ 20(3)ನೇ ವಿಧಿಯೇ ಹೇಳುತ್ತದೆ. ಮೇಷ್ಟ್ರು ಇದಕ್ಕೆ ಮೂರು ಕ್ಲಾಸು ತೆಗೆದುಕೊಂಡರು. ಎಷ್ಟೋ ವರ್ಷದ ಮೇಲೆ ಗಾಂಧಿನಗರದಲ್ಲಿ ನಿರ್ಮಾಪಕರೊಬ್ಬರು, “ಸೈಕಲಾಜಿಕಲ್ ಥ್ರಿಲ್ಲರ್ ಅಂತೀರಿ, ಇಂಜೆಕ್ಷನ್ನೇ ಇಲ್ಲ ಅಂದ್ರೆ ಹೆಂಗೆ ಸಾರ್?” ಎಂದಾಗ ಆ ಕ್ಲಾಸುಗಳು ನೆನಪಾದವು. ಇಂಜೆಕ್ಷನ್ ತೆಗೆದು, ಮ್ಯಾಜಿಸ್ಟ್ರೇಟರು “ನಿನಗೆ ಒಪ್ಪಿಗೆ ಇದೆಯಾ?” ಎಂದು ಕೇಳುವ ದೃಶ್ಯ ಬರೆದೆ. ಆರೋಪಿ ಒಂದೂವರೆ ನಿಮಿಷ ಬಾಯಿ ಬಿಡುವುದಿಲ್ಲ. ಆ ಚಿತ್ರ ಸೆಟ್ಟೇರಲಿಲ್ಲ. ದೃಶ್ಯ ಬೇರೆ ಚಿತ್ರದಲ್ಲಿ ಬಂತು, ಟೈಟಲ್ ಕಾರ್ಡಿನಲ್ಲಿ ನನ್ನ ಹೆಸರಿಲ್ಲದೆ. ನಮ್ಮ ಕಸುಬಿನಲ್ಲಿ ಇದು ಮಾಮೂಲು.

ಈಚಿನ ತಲೆನೋವು ಬೇರೆ. 2024ರ ಜುಲೈ 1ರಿಂದ ಹಳೆಯ ಭಾರತೀಯ ದಂಡ ಸಂಹಿತೆಯ ಜಾಗಕ್ಕೆ ಭಾರತೀಯ ನ್ಯಾಯ ಸಂಹಿತೆ ಬಂದು, ಕೊಲೆಯ ಸೆಕ್ಷನ್ 302 ಹೋಗಿ 103 ಆಯಿತು. ‘302’ ಅಂದರೆ ಗಾಂಧಿ ಕ್ಲಾಸಿನ ಪ್ರೇಕ್ಷಕನೂ ಬೆಚ್ಚುತ್ತಿದ್ದ. ‘103’ ಅಂದರೆ ಜ್ವರ ಬಂದಿದೆ ಅಂದುಕೊಳ್ಳುತ್ತಾನೆ. ನಾನು ಬರೆಯುತ್ತಿದ್ದ ಚಿತ್ರದ ಕಥೆ ನಡೆಯುವುದು 2024ರ ಮಳೆಗಾಲದಲ್ಲಿ, ನಿರ್ದೇಶಕರಿಗೆ 302 ಅಂತಲೇ ಬೇಕು. ನಿವೃತ್ತರಾಗಿರುವ ಮೇಷ್ಟ್ರಿಗೆ ಫೋನ್ ಮಾಡಿದೆ.

“ಕೊಲೆ ಜೂನ್ 30ಕ್ಕೇ ಮಾಡಿಸಯ್ಯ” ಎಂದರು.

ಹಾಗೇ ಮಾಡಿಸಿದೆ.