ಕ್ಲೀನಿಂಗ್ ಮಾಡಿಸಿದರೆ ಹಲ್ಲು ಸಡಿಲವಾಗುತ್ತದೆಯೇ?

ಹಲ್ಲು ಕ್ಲೀನಿಂಗ್ ಮಾಡಿಸಿದರೆ ಸಂದಿ ಬೀಳುತ್ತದೆ, ಹಲ್ಲು ಸಡಿಲವಾಗುತ್ತದೆ ಎಂಬ ಮಾತು ನಮ್ಮ ನೆಂಟರಿಷ್ಟರಲ್ಲಿ ಎಷ್ಟು ಗಟ್ಟಿಯಾಗಿ ಬೇರೂರಿದೆಯೆಂದರೆ, ಒಸಡಿನಿಂದ ರಕ್ತ ಬರುತ್ತಿದ್ದರೂ ಉಪ್ಪುನೀರು, ಲವಂಗದೆಣ್ಣೆಗಳಲ್ಲೇ ವರ್ಷಗಟ್ಟಲೆ ಕಾಲ ತಳ್ಳುವವರು ಬೇಕಾದಷ್ಟು ಮಂದಿ ಇದ್ದಾರೆ. ಕ್ಲೀನಿಂಗ್ ಆದ ಮೇಲೆ ನಾಲಿಗೆಗೆ ಸಂದಿಗಳು ತಾಗುವುದೂ, ಕೆಲವು ದಿನ ತಣ್ಣೀರು ಕುಡಿದರೆ ಜುಮ್ಮೆನ್ನುವುದೂ ನಿಜವೇ. ಆದರೆ ಆ ಸಂದಿ ಮೊದಲೇ ಇತ್ತು. ಅದನ್ನು ತುಂಬಿಕೊಂಡಿದ್ದ ಗಟ್ಟಿ ಕೊಳೆ, ಅಂದರೆ ಗಾರೆ, ಹೋದಾಗ ಕಣ್ಣಿಗೆ ಬಿತ್ತು, ಅಷ್ಟೆ.

ಹಲ್ಲಿನ ಬುಡದಲ್ಲಿ ದಿನವೂ ಕಟ್ಟುವ ಬ್ಯಾಕ್ಟೀರಿಯಾಗಳ ಅಂಟು ಪೊರೆಯನ್ನು ಮೆತ್ತಗಿರುವಾಗ ಬ್ರಷ್ಷಿನಿಂದಲೇ ತೆಗೆಯಬಹುದು. ಉಳಿದುಹೋದದ್ದು ಜೊಲ್ಲಿನಲ್ಲಿರುವ ಕ್ಯಾಲ್ಸಿಯಂ ಮತ್ತು ಫಾಸ್ಫೇಟನ್ನು ಹೀರಿಕೊಂಡು ಕೆಲವೇ ದಿನಗಳಲ್ಲಿ ಗಟ್ಟಿಯಾಗತೊಡಗುತ್ತದೆ, ಮತ್ತು ಒಮ್ಮೆ ಗಾರೆಯಾದ ಮೇಲೆ ಎಷ್ಟು ಉಜ್ಜಿದರೂ ಬಿಡುವುದಿಲ್ಲ. ಜೊಲ್ಲಿನ ನಾಳಗಳು ತೆರೆದುಕೊಳ್ಳುವ ಜಾಗಗಳಾದ್ದರಿಂದ, ಕೆಳಗಿನ ಮುಂದಿನ ಹಲ್ಲುಗಳ ಹಿಂಬದಿಯಲ್ಲಿ ಮತ್ತು ಮೇಲಿನ ದವಡೆ ಹಲ್ಲುಗಳ ಕೆನ್ನೆಯ ಬದಿಯಲ್ಲಿ ಇದು ಹೆಚ್ಚು. ಅದರ ಮೇಲೆ ಮತ್ತೆ ಪೊರೆ ಕಟ್ಟಿ, ಒಸಡು ಊದಿಕೊಂಡು, ಕ್ರಮೇಣ ಹಲ್ಲನ್ನು ಬಿಟ್ಟು ಸರಿಯುತ್ತದೆ. ಬರೀ ಊತವಿರುವ ಹಂತದವರೆಗೆ ಒಸಡು ಮೊದಲಿನಂತಾಗಬಲ್ಲದು. ಹಲ್ಲನ್ನು ಸಡಿಲಗೊಳಿಸುವುದು ಕ್ಲೀನಿಂಗ್ ಅಲ್ಲ, ಒಳಗಿನ ಮೂಳೆ ಕರಗುವುದು; ಕರಗಿದ ಮೂಳೆ ಸಾಮಾನ್ಯವಾಗಿ ತಾನಾಗಿ ಮರಳಿ ಬೆಳೆಯುವುದಿಲ್ಲ. ಬೀಡಿ, ಸಿಗರೇಟು ಸೇದುವವರಲ್ಲಿ ಒಸಡಿನ ರಕ್ತಸ್ರಾವ ಕಡಿಮೆಯಾಗಿ ಕಾಣುವುದರಿಂದ ರೋಗ ಒಳಗೊಳಗೇ ಮುಂದುವರಿದಿರುತ್ತದೆ.

ನನ್ನ ತಾಯಿಗೆ ಸಕ್ಕರೆ ಕಾಯಿಲೆಯಿದೆ. ಸಕ್ಕರೆ ಹಿಡಿತದಲ್ಲಿಲ್ಲದಿದ್ದರೆ ಒಸಡು ಬೇಗ ಕೆಡುತ್ತದೆ, ಒಸಡಿನ ಉರಿಯೂತ ಇದ್ದರೆ ಸಕ್ಕರೆಯನ್ನು ಹಿಡಿತಕ್ಕೆ ತರುವುದೂ ಕಷ್ಟವಾಗುತ್ತದೆ. ಹಾಗಾಗಿ ಅವರನ್ನು ಒಪ್ಪಿಸಿ ದಂತ ವೈದ್ಯಕೀಯ ಕಾಲೇಜೊಂದರ ಒಸಡಿನ ವಿಭಾಗಕ್ಕೆ ಕರೆದೊಯ್ದೆ. ಅಲ್ಲಿನ ಡಾಕ್ಟರರು ಮಿಲಿಮೀಟರ್ ಗುರುತುಗಳಿರುವ ತೆಳುವಾದ ಕಡ್ಡಿಯನ್ನು ಪ್ರತಿ ಹಲ್ಲಿನ ಸುತ್ತ ಒಸಡಿನಂಚಿಗೆ ಮೆಲ್ಲಗೆ ಇಳಿಸುತ್ತಾ, "ಎರಡು, ಮೂರು, ಎರಡು, ಐದು" ಎಂದು ಹೇಳುತ್ತಿದ್ದರು. ಪಕ್ಕದಲ್ಲಿದ್ದ ವಿದ್ಯಾರ್ಥಿನಿ ಬರೆದುಕೊಳ್ಳುತ್ತಿದ್ದಳು. ಹಲ್ಲಿಗೂ ಒಸಡಿಗೂ ನಡುವಿನ ಸಂದು 3 ಮಿಲಿಮೀಟರ್‌ವರೆಗೆ ಆಳವಿದ್ದರೆ ಚಿಂತೆಯಿಲ್ಲ, ಅದಕ್ಕಿಂತ ಆಳವಾದರೆ ಬ್ರಷ್ಷಿನ ಎಳೆ ಅದರ ತಳ ಮುಟ್ಟುವುದಿಲ್ಲ. ಆಮೇಲೆ ಬಳಸಿದ ಯಂತ್ರದ ತುದಿ ಹಲ್ಲನ್ನು ಕೆರೆಯುವುದಿಲ್ಲ; ಅತಿ ವೇಗವಾಗಿ ಕಂಪಿಸಿ ಗಾರೆಯನ್ನು ಒಡೆಯುತ್ತದೆ, ನೀರು ಅದನ್ನು ತೊಳೆದುಕೊಂಡು ಹೋಗುತ್ತದೆ. ಅಮ್ಮ ಕೊನೆಯವರೆಗೂ ದೂರಿದ್ದು ಆ ಸದ್ದಿನ ಬಗ್ಗೆ ಮಾತ್ರ.

ಮನೆಯ ಆರೈಕೆ ಸರಿಯಿಲ್ಲದಿದ್ದರೆ ಇದೆಲ್ಲ ಕೆಲವೇ ತಿಂಗಳ ಮಾತು. ಮೃದು ಎಳೆಗಳ ಬ್ರಷ್ಷನ್ನು ಒಸಡಿನಂಚಿಗೆ 45 ಡಿಗ್ರಿ ಓರೆಯಾಗಿ ಹಿಡಿದು, ಒತ್ತಡ ಹಾಕದೆ, ದಿನಕ್ಕೆರಡು ಸಲ ಎರಡೆರಡು ನಿಮಿಷ ಉಜ್ಜಬೇಕು. ಎರಡರಲ್ಲಿ ರಾತ್ರಿಯದು ಮುಖ್ಯ, ನಮ್ಮಲ್ಲಿ ತಪ್ಪುವುದೂ ಅದೇ. ಗಟ್ಟಿ ಬ್ರಷ್ಷಿನಿಂದ ಅಡ್ಡಡ್ಡ ತಿಕ್ಕಿ ಹಲ್ಲಿನ ಬುಡವನ್ನೇ ಸವೆಸಿಕೊಂಡವರು ಕಡಿಮೆಯಿಲ್ಲ. ಇದ್ದಿಲು, ಇಟ್ಟಿಗೆ ಪುಡಿಗಳ ಹಳೆಯ ಅಭ್ಯಾಸವನ್ನು ಪರಂಪರೆಯ ಹೆಸರಿನಲ್ಲಿ ಹೊಗಳುವುದು ನನಗೆ ಒಪ್ಪಿಗೆಯಿಲ್ಲ. ಉಜ್ಜಿದ ಮೇಲೆ ನೊರೆ ಉಗಿದು, ಬಾಯಿ ಮುಕ್ಕಳಿಸದೆ ಬಿಟ್ಟರೆ ಪೇಸ್ಟಿನ ಫ್ಲೋರೈಡ್ ಹಲ್ಲಿನ ಮೇಲೆ ಉಳಿಯುತ್ತದೆ. ಸಂದಿಗಳಿಗೆ ಫ್ಲಾಸ್ ದಾರ ಸಾಕು, ಸಂದಿ ಅಗಲವಾಗಿದ್ದರೆ ಪುಟ್ಟ ಇಂಟರ್‌ಡೆಂಟಲ್ ಬ್ರಷ್ ಒಳ್ಳೆಯದು. ಗುಂಡುಪಿನ್ನು, ಬೆಂಕಿಕಡ್ಡಿ ಖಂಡಿತ ಬೇಡ. ಹೀಗೆ ಮಾಡತೊಡಗಿದಾಗ ರಕ್ತ ಕಂಡರೆ ಹೆದರಿ ನಿಲ್ಲಿಸಬಾರದು, ಉರಿಯೂತ ಮೇಲಷ್ಟೇ ಇದ್ದರೆ ಒಂದೆರಡು ವಾರಗಳಲ್ಲಿ ಅದು ನಿಲ್ಲುತ್ತದೆ. ನಿಲ್ಲದಿದ್ದರೆ ಡಾಕ್ಟರರನ್ನು ಕಾಣಬೇಕು.

ಎಷ್ಟು ದಿನಕ್ಕೊಮ್ಮೆ ಹೋಗಬೇಕೆಂಬುದು ಬಾಯಿಂದ ಬಾಯಿಗೆ ಬೇರೆ. ಬಹಳ ಜನರಿಗೆ ಆರು ತಿಂಗಳು ಅಥವಾ ವರ್ಷಕ್ಕೊಮ್ಮೆ ಸಾಕಾದರೆ, ಅಮ್ಮನಂಥವರಿಗೆ ಮೂರು ತಿಂಗಳಿಗೊಮ್ಮೆ ಬರಲು ಹೇಳುತ್ತಾರೆ. ಖಾಸಗಿ ಕ್ಲಿನಿಕ್ಕಿನ ಖರ್ಚು ಭಾರವೆನಿಸಿದರೆ ದಂತ ಕಾಲೇಜುಗಳಲ್ಲಿ ಸಾಮಾನ್ಯವಾಗಿ ಕಡಿಮೆ ಶುಲ್ಕಕ್ಕೆ ಇದೇ ಕೆಲಸ ಆಗುತ್ತದೆ, ಸಮಯ ಮಾತ್ರ ಹೆಚ್ಚು ಹಿಡಿಯುತ್ತದೆ. ಎಲ್ಲಿಗೇ ಹೋದರೂ ಆ ಮಿಲಿಮೀಟರ್ ಅಂಕಿಗಳ ಒಂದು ಪ್ರತಿಯನ್ನು ಕೇಳಿ ಇಟ್ಟುಕೊಳ್ಳಿ. ಮುಂದಿನ ಸಲ ಐದು ಇದ್ದದ್ದು ಮೂರಕ್ಕೆ ಇಳಿದಿದೆಯೋ ಆರಕ್ಕೆ ಏರಿದೆಯೋ ಎಂದು ನೀವೇ ಹೋಲಿಸಿ ನೋಡಬಹುದು.